ಬಿಸಿಲನ್ನು ಒಳಕ್ಕೆ ಕರೆದ ಛಾಯಾಗ್ರಾಹಕ: ವಿ. ಕೆ. ಮೂರ್ತಿ

ಹಳೆಯ ಹೆಂಚಿನ ಮನೆಗಳಲ್ಲಿ ಬೆಳಕಿಂಡಿಯ ಮೂಲಕ ಬಿಸಿಲುಕೋಲೊಂದು ಕತ್ತಲೆಯ ನಡುಮನೆಗೆ ಇಳಿಯುವುದನ್ನು ನೋಡಿದವರು ಅನೇಕರು. ಅದರೊಳಗೆ ಧೂಳಿನ ಕಣಗಳು ಹೊಳೆಯುತ್ತ ತೇಲಾಡುತ್ತಿರುತ್ತವೆ. ಸಾಮಾನ್ಯವಾದ ಈ ದೃಶ್ಯವನ್ನೇ ಬಂಡವಾಳವಾಗಿಟ್ಟುಕೊಂಡು, ಭಾರತೀಯ ಚಲಚ್ಚಿತ್ರದ ಇತಿಹಾಸದಲ್ಲಿ ಮರೆಯಲಾಗದ ಒಂದು ಸನ್ನಿವೇಶವನ್ನು ರಚಿಸಿದ ಛಾಯಾಗ್ರಾಹಕರೊಬ್ಬರು ನಮ್ಮ ಮೈಸೂರಿನವರು. ಅವರೇ ವಿ. ಕೆ. ಮೂರ್ತಿಯವರು. ಅವರ ಜೀವನವನ್ನು ತಿಳಿಯುವುದರಿಂದ ಕಲೆಯ ಪರಿಚಯವಷ್ಟೇ ಅಲ್ಲ, ಪಠ್ಯಪುಸ್ತಕದಲ್ಲಿ ಓದುವ ಬೆಳಕಿನ ನಿಯಮಗಳ ಸಾರ್ಥಕತೆಯೂ ನಮಗೆ ಮನದಟ್ಟಾಗುವುದು.

ಬಾಲ್ಯ ಮತ್ತು ವ್ಯಾಸಂಗ

ವೆಂಕಟರಾಮ ಪಂಡಿತ ಕೃಷ್ಣಮೂರ್ತಿ ಎಂಬುದು ಅವರ ಪೂರ್ಣ ಹೆಸರು. 1923ನೆಯ ಇಸವಿ ನವೆಂಬರ್ 26ರಂದು ಮೈಸೂರಿನಲ್ಲಿ ಜನಿಸಿದರು. ತಾರುಣ್ಯದಲ್ಲಿ ಅವರನ್ನು ಸೆಳೆದ ವಿಷಯಗಳು ಹಲವು. ಪಿಟೀಲು ನುಡಿಸುವುದನ್ನು ಕಲಿತರು; ಸ್ವಾತಂತ್ರ್ಯ ಚಳವಳಿಯಲ್ಲಿ ಭಾಗವಹಿಸಿ ಸೆರೆವಾಸವನ್ನೂ ಅನುಭವಿಸಿದರು. ಅನಂತರ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಚಲಚ್ಚಿತ್ರ ಛಾಯಾಗ್ರಹಣವನ್ನು ಅಭ್ಯಸಿಸಿ 1946ರಲ್ಲಿ ಡಿಪ್ಲೊಮಾ ಪಡೆದರು. ಕ್ಯಾಮರಾ ಹಿಡಿಯುವವರು ಬಹುಮಟ್ಟಿಗೆ ಗುರುವಿನ ಬಳಿ ಕೆಲಸ ಮಾಡುತ್ತಲೇ ವಿದ್ಯೆಯನ್ನು ಕಲಿಯುತ್ತಿದ್ದ ಕಾಲವದು. ಅಂಥ ಕಾಲದಲ್ಲಿ ಮಸೂರ, ಬೆಳಕು, ರಾಸಾಯನಿಕ ಲೇಪ ಇವುಗಳ ಶಾಸ್ತ್ರವನ್ನು ತರಗತಿಯಲ್ಲಿ ಕುಳಿತು ಕಲಿಯುವ ಅವಕಾಶ ಮೂರ್ತಿಯವರಿಗೆ ದೊರೆಯಿತು.

ಮುಂಬಯಿಗೆ ತೆರಳಿದ ಅವರು ಹೆಸರಾಂತ ಛಾಯಾಗ್ರಾಹಕ ಫಲೀ ಮಿಸ್ತ್ರಿಯವರ ಕೈಕೆಳಗೆ ದುಡಿದರು. 1951ರ ‘ಬಾಜಿ’ ಚಿತ್ರದಲ್ಲಿ ಸಹಾಯಕರಾಗಿದ್ದಾಗ ಅವರು ಸೂಚಿಸಿ, ತಾವೇ ಚಿತ್ರೀಕರಿಸಿದ ಕಷ್ಟಸಾಧ್ಯವಾದ ಒಂದು ದೃಶ್ಯವು ನಿರ್ದೇಶಕ ಗುರುದತ್ತರ ಮೆಚ್ಚುಗೆಯನ್ನು ಗಳಿಸಿತು. ಗುರುದತ್ತರೂ ಬೆಂಗಳೂರಿನಲ್ಲಿ ಜನಿಸಿದವರೇ. ಮರುವರ್ಷದ ‘ಜಾಲ್’ ಚಿತ್ರಕ್ಕೆ ಮೂರ್ತಿಯವರೇ ಛಾಯಾಗ್ರಾಹಕರಾದರು. ‘ಆರ್ ಪಾರ್’, ‘ಮಿಸ್ಟರ್ ಅಂಡ್ ಮಿಸೆಸ್ 55’, ‘ಪ್ಯಾಸಾ’ ಚಿತ್ರಗಳಲ್ಲಿ ಆ ಜೊತೆಗಾರಿಕೆ ಮುಂದುವರಿದು, 1959ರ ‘ಕಾಗಜ್ ಕೆ ಫೂಲ್’ ಚಿತ್ರದಲ್ಲಿ ತನ್ನ ಶಿಖರವನ್ನು ಮುಟ್ಟಿತು.

ಅಗಲವಾದ ತೆರೆ

‘ಕಾಗಜ್ ಕೆ ಫೂಲ್’ ಭಾರತದ ಮೊತ್ತಮೊದಲ ಸಿನೆಮಾಸ್ಕೋಪ್ ಚಿತ್ರ. ಸಾಮಾನ್ಯ ಚಿತ್ರದ ಚೌಕಟ್ಟಿನಲ್ಲಿ ಎತ್ತರ 1 ಆದರೆ ಅಗಲ ಸುಮಾರು 1.37, ಸಿನೆಮಾಸ್ಕೋಪಿನಲ್ಲಾದರೋ ಅಗಲ ಸುಮಾರು 2.35. ಆದರೆ ಎರಡಕ್ಕೂ ಬಳಸುವುದು 35 ಮಿಲಿಮೀಟರಿನ ಅದೇ ಫಿಲ್ಮು. ಅಷ್ಟು ಅಗಲದ ದೃಶ್ಯ ಆ ಕಿರಿದಾದ ಪಟ್ಟಿಯಲ್ಲಿ ಹಿಡಿಸುವುದು ಹೇಗೆ?

ಇದರ ಗುಟ್ಟು ಮಸೂರದಲ್ಲಿದೆ. ಸಾಮಾನ್ಯ ಮಸೂರದ ಮೈ ಗೋಳದ ಒಂದು ತುಣುಕಿನಂತಿದ್ದು, ಎಲ್ಲ ದಿಕ್ಕುಗಳಲ್ಲಿಯೂ ಸಮನಾಗಿ ಬಾಗಿರುತ್ತದೆ. ಗೋಳದ ಬದಲು ಉರುಳೆಯ ತುಣುಕಿನಂತೆ ಒಂದೇ ದಿಕ್ಕಿನಲ್ಲಿ ಬಾಗಿದ ಮಸೂರಗಳನ್ನು ಸೇರಿಸಿದರೆ ಬಿಂಬವು ಅಡ್ಡಲಾಗಿ ಮಾತ್ರ ಅರ್ಧಕ್ಕೆ ಕುಗ್ಗುತ್ತದೆ. ಎತ್ತರ ಹಾಗೆಯೇ ಉಳಿಯುತ್ತದೆ. ಫಿಲ್ಮಿನ ಮೇಲೆ ದುಂಡನೆಯ ತಟ್ಟೆಯು ನೆಟ್ಟಗೆ ನಿಲ್ಲಿಸಿದ ಕೋಳಿಮೊಟ್ಟೆಯಂತೆ ಕಾಣುತ್ತದೆ. ಚಿತ್ರಮಂದಿರದ ಯಂತ್ರದಲ್ಲಿ ಇದಕ್ಕೆ ವಿರುದ್ಧವಾದ ಕೆಲಸ ಮಾಡುವ ಮಸೂರವು ಬಿಂಬವನ್ನು ಮತ್ತೆ ಎರಡರಷ್ಟು ಹಿಗ್ಗಿಸಿದಾಗ ತಟ್ಟೆ ತಟ್ಟೆಯೇ ಆಗುತ್ತದೆ. ಫ್ರಾನ್ಸಿನ ಆನ್ರಿ ಕ್ರೇತಿಯನ್ ಎಂಬ ವಿಜ್ಞಾನಿ 1920ರ ದಶಕದಲ್ಲಿಯೇ ಇದನ್ನು ನಿರ್ಮಿಸಿದ್ದನು.

ತೆರೆ ಅಗಲವಾದರೆ ಛಾಯಾಗ್ರಾಹಕನ ಹೊಣೆಯೂ ಹೆಚ್ಚುವುದು. ಅಷ್ಟು ವಿಸ್ತಾರವಾದ ಚೌಕಟ್ಟನ್ನು ಯಾವುದರಿಂದ ತುಂಬಬೇಕು? ಮೂರ್ತಿಯವರು ಅದರ ಬಹುಭಾಗವನ್ನು ಕತ್ತಲೆಯಿಂದಲೇ ತುಂಬಿದರು. ನಡುವೆ ಒಂದು ಬೆಳಕಿನ ಕಂಬವನ್ನು ನಿಲ್ಲಿಸಿದರು.

ಎರಡು ಕನ್ನಡಿಗಳು

ಚಿತ್ರದ ನಾಯಕನೊಬ್ಬ ನಿರ್ದೇಶಕ. ಬರಿದಾದ ಸ್ಟುಡಿಯೋದಲ್ಲಿ ಅವನೂ ನಾಯಕಿಯೂ ದೂರ ದೂರ ನಿಂತಿದ್ದಾರೆ. ಹಿನ್ನೆಲೆಯಲ್ಲಿ ಹಾಡು ಕೇಳಿಬರುತ್ತಿದೆ. ಮೇಲಿನಿಂದ ಓರೆಯಾಗಿ ಇಳಿದ ಬೆಳಕಿನ ಕೋಲೊಂದು ಅವರ ನಡುವಣ ಶೂನ್ಯವನ್ನು ಬೆಳಗುತ್ತದೆ. ಇದಕ್ಕಾಗಿ ಮೂರ್ತಿಯವರು ವಿದ್ಯುದ್ದೀಪವನ್ನು ನೆಚ್ಚಲಿಲ್ಲ. ಸ್ಟುಡಿಯೋದ ಹೊರಗೆ ಒಂದು ದೊಡ್ಡ ಕನ್ನಡಿಯನ್ನಿಟ್ಟು ಬಿಸಿಲನ್ನು ಹಿಡಿದು, ಅದನ್ನು ಒಳಗೆ ಎತ್ತರದಲ್ಲಿದ್ದ ಇನ್ನೊಂದು ಕನ್ನಡಿಗೆ ಹಾಯಿಸಿ, ಅಲ್ಲಿಂದ ಕೆಳಗಿಳಿಸಿದರು.

ದೀಪವೇ ಸಾಲದಾಗಿತ್ತೆ? ಸ್ವಲ್ಪ ಲೆಕ್ಕ ಹಾಕಿ ನೋಡೋಣ. ಸಣ್ಣ ದೀಪದ ಕಿರಣಗಳು ಸುತ್ತಲೂ ಹರಡುವುದರಿಂದ ಅದರ ಪ್ರಕಾಶವು ದೂರದ ವರ್ಗಕ್ಕೆ ವಿಲೋಮವಾಗಿ ಇಳಿಯುತ್ತದೆ. 5 ಮೀಟರಿನಲ್ಲಿ ಇದ್ದ ಪ್ರಕಾಶ 10 ಮೀಟರಿನಲ್ಲಿ ಕಾಲುಭಾಗ ಮಾತ್ರ. ಮಸೂರವಿಟ್ಟು ದೀಪದ ಕಿರಣಗಳನ್ನು ಕೂಡಿಸಬಹುದಾದರೂ, ಅಗಲವಾದ ಬೆಳಕಿನ ಕಂಬವನ್ನು ಆದ್ಯಂತ ಸಮನಾಗಿ ಇಡುವುದು ಸುಲಭವಲ್ಲ. ಸೂರ್ಯನಾದರೋ ಸುಮಾರು 15 ಕೋಟಿ ಕಿಲೋಮೀಟರ್ ದೂರದಲ್ಲಿದ್ದಾನೆ. ಆ ದೂರದ ಮುಂದೆ ಸ್ಟುಡಿಯೋದ ಹತ್ತಿಪ್ಪತ್ತು ಮೀಟರು ಲೆಕ್ಕಕ್ಕೇ ಬಾರದು. ಬಿಸಿಲಿನ ಕಿರಣಗಳು ಬಹುಮಟ್ಟಿಗೆ ಸಮಾಂತರವಾಗಿರುತ್ತವೆ.

ಕನ್ನಡಿಯಲ್ಲಿ ಪ್ರತಿಫಲಿಸಿದ ಮೇಲೆ ಈ ಗುಣ ಕೆಡುವುದಿಲ್ಲವೆ? ಸಮತಲ ದರ್ಪಣದಲ್ಲಿ ವಸ್ತುವು ಎಷ್ಟು ಮುಂದಿದೆಯೋ ಅದರ ಬಿಂಬವು ಅಷ್ಟೇ ಹಿಂದಿರುತ್ತದೆ ಎಂಬ ಪಾಠವನ್ನು ನೆನೆಯಿರಿ. ಕನ್ನಡಿಯೊಳಗಿನ ಸೂರ್ಯನೂ 15 ಕೋಟಿ ಕಿಲೋಮೀಟರ್ ಹಿಂದೆಯೇ ಇರುವನು! ಎರಡು ಕನ್ನಡಿಗಳಾದರೂ ಅಷ್ಟೆ. ಒಂದೊಂದು ಕನ್ನಡಿಯೂ ನೂರಕ್ಕೆ ತೊಂಬತ್ತು ಪಾಲು ಬೆಳಕನ್ನು ಹಿಂದಿರುಗಿಸುವುದೆಂದು ಇಟ್ಟುಕೊಂಡರೆ ಕೊನೆಗೆ ಎಂಬತ್ತೊಂದು ಪಾಲು ಉಳಿಯುತ್ತದೆ. ನಷ್ಟ ಅಲ್ಪ, ಲಾಭ ಅಪಾರ. ಸೂರ್ಯಬಿಂಬದ ಅಗಲವು ಸುಮಾರು ಅರ್ಧ ಡಿಗ್ರಿಯಷ್ಟು ಇರುವುದರಿಂದ 30 ಮೀಟರಿಗೆ ಕಾಲು ಮೀಟರಿನಷ್ಟು ಮಾತ್ರ ಬೆಳಕು ಅಗಲವಾಗುತ್ತದೆ.

ಆದರೆ ಇಂಥ ಏರ್ಪಾಟಿನಲ್ಲಿ ಒಂದು ತೊಡಕುಂಟು. ಭೂಮಿಯು ತಿರುಗುವುದರಿಂದ ಆಕಾಶದಲ್ಲಿ ಸೂರ್ಯನು 4 ನಿಮಿಷಕ್ಕೆ ಸುಮಾರು 1 ಡಿಗ್ರಿ ಸರಿಯುತ್ತಾನೆ. ಕನ್ನಡಿಯನ್ನು ಅಲುಗಿಸದೆ ಬಿಟ್ಟರೆ ಪ್ರತಿಫಲಿಸಿದ ಕಿರಣವೂ ಅಷ್ಟೇ ಸರಿದು, 30 ಮೀಟರ್ ದೂರದಲ್ಲಿ ಅರ್ಧ ಮೀಟರಿನಷ್ಟು ಜರುಗುವುದು. ಆದುದರಿಂದ ಹೊರಗಿನ ಕನ್ನಡಿಯನ್ನು ಆಗಾಗ ತಿರುಗಿಸುತ್ತಿರಬೇಕು. ಕನ್ನಡಿ ತಿರುಗಿದ ಕೋನದ ಎರಡರಷ್ಟು ಕಿರಣವು ತಿರುಗುವುದಾದ್ದರಿಂದ, ಸೂರ್ಯನ ವೇಗದ ಅರ್ಧದಷ್ಟು ತಿರುಗಿಸಿದರೆ ಸಾಕು. ಮೋಡವೊಂದು ಅಡ್ಡ ಬಂದರೆ ಮಾತ್ರ ಕಾಯುವುದಲ್ಲದೆ ಬೇರೆ ದಾರಿಯಿಲ್ಲ.

ಕೊನೆಯ ಮಾತೊಂದಿದೆ. ಶುದ್ಧವಾದ ಗಾಳಿಯಲ್ಲಿ ಪಕ್ಕದಿಂದ ನೋಡುವವರಿಗೆ ಬೆಳಕಿನ ಕೋಲು ಕಾಣುವುದೇ ಇಲ್ಲವೆನ್ನಬಹುದು. ಧೂಳಿನ ಅಥವಾ ಹೊಗೆಯ ಕಣಗಳು ಕಿರಣಗಳನ್ನು ಚದುರಿಸಿ ಕಣ್ಣಿನತ್ತ ಕಳುಹಿಸಿದಾಗಲೇ ಅದು ಗೋಚರಿಸುತ್ತದೆ. ನಾವು ಹೊಲಸೆಂದು ಗುಡಿಸುವ ಧೂಳು ಇಲ್ಲಿ ಚಿತ್ರದ ಅಲಂಕಾರವಾಯಿತು.

ಸೋಲು ಮತ್ತು ಗೌರವ

ಇಷ್ಟಾದರೂ ಚಿತ್ರವು ಪ್ರೇಕ್ಷಕರಿಗೆ ರುಚಿಸಲಿಲ್ಲ, ಭಾರಿ ನಷ್ಟವಾಯಿತು. ಗುರುದತ್ತರು ಮತ್ತೆಂದೂ ನಿರ್ದೇಶಕರೆಂದು ತಮ್ಮ ಹೆಸರು ಹಾಕಿಕೊಳ್ಳಲಿಲ್ಲ, 1964ರಲ್ಲಿ ತೀರಿಕೊಂಡರು. ಆದರೆ ಛಾಯಾಗ್ರಹಣಕ್ಕೆ ಫಿಲಂಫೇರ್ ಪ್ರಶಸ್ತಿ ಬಂದಿತು. 1962ರ ‘ಸಾಹಿಬ್ ಬೀಬಿ ಔರ್ ಗುಲಾಮ್’ ಚಿತ್ರಕ್ಕೂ ಮೂರ್ತಿಯವರು ಅದೇ ಪ್ರಶಸ್ತಿಯನ್ನು ಪಡೆದರು. ಅದರ ನೃತ್ಯವೊಂದರಲ್ಲಿ ಮುಖ್ಯ ನರ್ತಕಿಗೆ ಮಾತ್ರ ಬೆಳಕು. ಸುತ್ತ ಕುಣಿಯುವವರ ಮುಖಗಳು ನೆರಳಿನಲ್ಲಿಯೇ ಇರುತ್ತವೆ. ಎಲ್ಲರೂ ಚಲಿಸುತ್ತಿರುವಾಗ ಇದನ್ನು ಸಾಧಿಸುವುದು ಎಷ್ಟು ಕಷ್ಟವೆಂಬುದನ್ನು ಕೈದೀಪ ಹಿಡಿದು ಪ್ರಯತ್ನಿಸಿದವರು ಬಲ್ಲರು.

ಮುಂದೆ ಅವರು ದೂರದರ್ಶನಕ್ಕಾಗಿ ‘ಭಾರತ್ ಏಕ್ ಖೋಜ್’ ಸರಣಿಯಲ್ಲಿಯೂ, ಕನ್ನಡದಲ್ಲಿ ‘ಹೂವು ಹಣ್ಣು’ ಚಿತ್ರದಲ್ಲಿಯೂ ಕೆಲಸ ಮಾಡಿದರು. ಅದೇ ಪಾಲಿಟೆಕ್ನಿಕ್ಕಿನಲ್ಲಿ ಕಲಿತ ಗೋವಿಂದ ನಿಹಲಾನಿಯವರು ಮೂರ್ತಿಯವರ ಸಹಾಯಕರಾಗಿದ್ದು ಮುಂದೆ ಹೆಸರಾದರು. 2008ನೆಯ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯು ಮೂರ್ತಿಯವರಿಗೆ ಸಂದಿತು. ಛಾಯಾಗ್ರಾಹಕರೊಬ್ಬರಿಗೆ ಅದು ದೊರೆತದ್ದು ಅದೇ ಮೊದಲು. 2014ರ ಏಪ್ರಿಲ್ 7ರಂದು ಬೆಂಗಳೂರಿನಲ್ಲಿ ಅವರು ನಿಧನರಾದರು.

ಪತನ ಕೋನವು ಪ್ರತಿಫಲನ ಕೋನಕ್ಕೆ ಸಮವೆಂಬುದನ್ನು ವಿದ್ಯಾರ್ಥಿಗಳೆಲ್ಲರೂ ಪರೀಕ್ಷೆಗಾಗಿ ಬಾಯಿಪಾಠ ಮಾಡುತ್ತಾರೆ. ಮೂರ್ತಿಯವರಿಗೆ ತಿಳಿದಿದ್ದ ನಿಯಮವೂ ಅದೇ. ಅದಕ್ಕೆ ಎಲ್ಲಿ ಕೆಲಸ ಕೊಡಬೇಕೆಂಬುದು ಅವರಿಗೆ ಗೊತ್ತಿತ್ತು. ಬಿಡುವಿನ ದಿನ ಎರಡು ಕನ್ನಡಿಗಳನ್ನು ತೆಗೆದುಕೊಂಡು, ಅಂಗಳದ ಬಿಸಿಲನ್ನು ಕತ್ತಲೆಯ ಕೋಣೆಗೆ ತಿರುಗಿಸಿ, ಒಂದು ಊದುಬತ್ತಿಯನ್ನು ಹಚ್ಚಿಡಿರಿ. ಸೂರ್ಯನನ್ನಾಗಲಿ ಕನ್ನಡಿಯಲ್ಲಿನ ಅವನ ಬಿಂಬವನ್ನಾಗಲಿ ದಿಟ್ಟಿಸಿ ನೋಡಬೇಡಿರಿ. ನಾಲ್ಕು ನಿಮಿಷ ಕಾದು, ಗೋಡೆಯ ಮೇಲಿನ ಬೆಳಕು ಎಷ್ಟು ಸರಿಯಿತೆಂದು ಅಳೆಯಿರಿ. ನೀವು ಅಳೆದದ್ದು ಭೂಮಿಯ ತಿರುಗುವಿಕೆಯನ್ನು.