ಗುಟ್ಟು ಮತ್ತು ಗುರುತು: ಗಣಕಯುಗದ ಗೂಢಲಿಪಿ

ಬರೆದುದನ್ನು ಬೇಡದವರ ಕಣ್ಣಿನಿಂದ ಮರೆಮಾಡುವ ವಿದ್ಯೆ ಭಾರತೀಯ ಪರಂಪರೆಗೆ ಹೊಸದಲ್ಲ. ವಾತ್ಸ್ಯಾಯನನು ಕಾಮಸೂತ್ರದಲ್ಲಿ ಎಣಿಸಿರುವ ಅರುವತ್ತನಾಲ್ಕು ಕಲೆಗಳಲ್ಲಿ ‘ಮ್ಲೇಚ್ಛಿತವಿಕಲ್ಪ’ವೂ ಒಂದು. ಯಶೋಧರನ ಜಯಮಂಗಲಾ ವ್ಯಾಖ್ಯಾನವು ಇದರ ಪ್ರಭೇದಗಳನ್ನು ವಿವರಿಸುವಾಗ ಮೂಲದೇವನ ಹೆಸರಿನ ಪದ್ಧತಿಯೊಂದನ್ನು ಹೇಳುತ್ತದೆ. ಅಕ್ಷರಗಳನ್ನು ಜೋಡಿಮಾಡಿ ಒಂದರ ಸ್ಥಾನದಲ್ಲಿ ಇನ್ನೊಂದನ್ನು ಬರೆಯುವುದು ಅದರ ಕ್ರಮ. ಇಂಥ ಬರಹದ ಗುಟ್ಟೆಲ್ಲ ಪದ್ಧತಿಯಲ್ಲಿಯೇ ಅಡಗಿದೆ. ಪದ್ಧತಿ ಬಯಲಾದರೆ ಬರಹವೂ ಬಯಲು. 1883ರಲ್ಲಿ ಆಗುಸ್ಟ್ ಕೆರ್ಕ್‌ಹಾಫ್ಸ್, ಪದ್ಧತಿಯು ಶತ್ರುವಿನ ಕೈಸೇರಿದರೂ ಕೀಲಿ ಗುಟ್ಟಾಗಿರುವವರೆಗೆ ಸಂದೇಶ ಸುರಕ್ಷಿತವಾಗಿರಬೇಕೆಂಬ ನಿಯಮವನ್ನು ಮುಂದಿಟ್ಟನು. ಆಧುನಿಕ ಗೂಢಲಿಪಿಶಾಸ್ತ್ರವು ನಿಂತಿರುವುದು ಈ ತತ್ತ್ವದ ಮೇಲೆಯೇ.

ಬೀಗ ಹಾಕುವುದಕ್ಕೂ ತೆಗೆಯುವುದಕ್ಕೂ ಒಂದೇ ಕೀಲಿಯನ್ನು ಬಳಸುವ ಕ್ರಮಕ್ಕೆ ಸಮಕೀಲಿ ಪದ್ಧತಿಯೆನ್ನಬಹುದು. 1977ರಲ್ಲಿ ಅಮೆರಿಕವು ಮಾನಕವಾಗಿ ಅಂಗೀಕರಿಸಿದ ‘ಡಿಇಎಸ್’ ಈ ಬಗೆಯದು. ಅದರ ಕೀಲಿಯ ಉದ್ದ 56 ಬಿಟ್. ಎಂದರೆ ಸುಮಾರು 720 ಕೋಟಿ ಕೋಟಿ ಕೀಲಿಗಳು ಸಾಧ್ಯ. ಮನುಷ್ಯನಿಗೆ ಅಗಾಧವಾದ ಈ ಸಂಖ್ಯೆ ಯಂತ್ರಕ್ಕೆ ಅಗಾಧವಾಗಿ ಉಳಿಯಲಿಲ್ಲ. 1998ರಲ್ಲಿ ಇದಕ್ಕೆಂದೇ ರಚಿಸಿದ ಯಂತ್ರವೊಂದು ಮೂರು ದಿನದೊಳಗೆ ಸರಿಯಾದ ಕೀಲಿಯನ್ನು ಹುಡುಕಿಕೊಟ್ಟಿತು. ಬಹಿರಂಗ ಸ್ಪರ್ಧೆಯ ಮೂಲಕ ಆಯ್ಕೆಗೊಂಡ ಬೆಲ್ಜಿಯಮ್ಮಿನ ಯೋವಾನ್ ಡಾಮೆನ್ ಮತ್ತು ವಿನ್ಸೆಂಟ್ ರೈಮೆನ್ ಅವರ ರಚನೆಯು 2001ರಲ್ಲಿ ‘ಎಇಎಸ್’ ಎಂಬ ಹೆಸರಿನಿಂದ ಹೊಸ ಮಾನಕವಾಯಿತು. ಅದರ ಕೀಲಿ 128, 192 ಅಥವಾ 256 ಬಿಟ್. ಪಠ್ಯವನ್ನು ನಾಲ್ಕು ಸಾಲು, ನಾಲ್ಕು ಕಂಬಗಳ ಚೌಕದಲ್ಲಿರಿಸಿ, ಬದಲಿಸಿ, ಸರಿಸಿ, ಬೆರೆಸಿ, ಕೀಲಿಯೊಡನೆ ಕೂಡಿಸುವ ಕ್ರಿಯೆ ಕೀಲಿಯ ಉದ್ದಕ್ಕನುಗುಣವಾಗಿ 10, 12 ಅಥವಾ 14 ಸುತ್ತು ನಡೆಯುತ್ತದೆ. ಅದರ ವಿಧಾನವೆಲ್ಲ ಪ್ರಕಟಿತ. ಕೀಲಿ ಮಾತ್ರ ಗುಟ್ಟು.

ಹ್ಯಾಷ್ ಫಲನದ ಸ್ವಭಾವವೇ ಬೇರೆ. ಇದಕ್ಕೆ ಕೀಲಿಯಿಲ್ಲ, ಹಿಂದಿರುಗುವ ದಾರಿಯೂ ಇಲ್ಲ. ಒಂದು ಪದವಿರಲಿ, ಒಂದು ಮಹಾಕಾವ್ಯವಿರಲಿ, ‘ಎಸ್‌ಎಚ್‌ಎ-256’ ಅದನ್ನು 256 ಬಿಟ್ಟಿನ ಗುರುತಾಗಿ ಇಳಿಸುತ್ತದೆ. ಮೂಲದಲ್ಲಿ ಒಂದು ಅಕ್ಷರ ಬದಲಾದರೂ ಗುರುತು ಪೂರ್ತಿಯಾಗಿ ಬೇರೆಯಾಗುತ್ತದೆ. ಪಠ್ಯಗಳು ಅನಂತ, ಗುರುತುಗಳು ಮಿತ. ಆದುದರಿಂದ ಎರಡು ಪಠ್ಯಗಳಿಗೆ ಒಂದೇ ಗುರುತು ಬರುವುದು ತಾತ್ತ್ವಿಕವಾಗಿ ಅನಿವಾರ್ಯ. ಅಂಥ ಜೋಡಿಯನ್ನು ಹುಡುಕುವುದು ಅಸಾಧ್ಯಪ್ರಾಯವಾಗಿರಬೇಕೆಂಬುದಷ್ಟೇ ನಿಬಂಧನೆ. ‘ಎಂಡಿ5’ ಈ ಪರೀಕ್ಷೆಯಲ್ಲಿ 2004ರಲ್ಲಿ ಸೋತಿತು. ‘ಎಸ್‌ಎಚ್‌ಎ-1’ 2017ರಲ್ಲಿ ಸೋತಿತು. ಭಾರತದ ಮಾಹಿತಿ ತಂತ್ರಜ್ಞಾನ ಕಾಯಿದೆ 2000, ವಿದ್ಯುನ್ಮಾನ ದಾಖಲೆಯ ದೃಢೀಕರಣಕ್ಕೆ ಹ್ಯಾಷ್ ಫಲನವನ್ನು ಹೆಸರಿಸಿಯೇ ಹೇಳಿರುವುದರಿಂದ ಈ ಸೋಲುಗೆಲುವುಗಳು ಕೇವಲ ಪಂಡಿತರ ವಿನೋದವಲ್ಲ.

ಗುಟ್ಟನ್ನು ಮತ್ತೆ ಓದಬೇಕಾದಲ್ಲಿ ಸಮಕೀಲಿ, ಬದಲಾಗಿಲ್ಲವೆಂದು ತಿಳಿಯಬೇಕಾದಲ್ಲಿ ಹ್ಯಾಷ್: ಇದು ಸ್ಥೂಲ ವಿವೇಕ. ಬ್ಯಾಂಕು ಗ್ರಾಹಕನ ಪಾಸ್‌ವರ್ಡನ್ನು ತಿಳಿದಿರಬೇಕಾಗಿಲ್ಲ. ಅದರ ಗುರುತು ಹೊಂದುವುದೇ ಎಂದು ನೋಡಿದರೆ ಸಾಕು. ಆದರೆ ಒಂದೇ ಪಾಸ್‌ವರ್ಡಿಗೆ ಎಲ್ಲೆಡೆ ಒಂದೇ ಗುರುತು ಬರಬಾರದೆಂದು ಪ್ರತಿಯೊಬ್ಬರಿಗೂ ಬೇರೆ ಬೇರೆ ‘ಉಪ್ಪು’, ಎಂದರೆ ಯಾದೃಚ್ಛಿಕ ಅಂಕೆಗಳು, ಬೆರೆಸಬೇಕು. ಊಹೆಗಾರನನ್ನು ತಡೆಯಲು ಲೆಕ್ಕವೂ ಬೇಕೆಂದೇ ನಿಧಾನವಾಗಿರಬೇಕು.

ಗ್ರಂಥಸಂಪಾದನೆಗೂ ಇಲ್ಲಿ ಪಾಠವಿದೆ. ಓಲೆಗರಿಯ ಲಿಪಿಕಾರನ ಕೈತಪ್ಪು ಪಾಠಭೇದವಾಗಿ ಉಳಿಯಿತು. ಗಣಕದ ಪ್ರತಿಯಲ್ಲಿ ಅಂಥ ತಪ್ಪು ನುಸುಳಿದೆಯೆಂದು ಹ್ಯಾಷ್ ಸಾರುತ್ತದೆ, ಎಲ್ಲಿ ಎಂದು ಹೇಳದು. ಇನ್ನೊಂದು ತೊಡಕು ಕನ್ನಡಕ್ಕೆ ತೀರ ಹತ್ತಿರದ್ದು. ಯೂನಿಕೋಡಿನಲ್ಲಿ ‘ಕೊ’ ಅಕ್ಷರದ ಸ್ವರಚಿಹ್ನೆಯನ್ನು ಒಂದೇ ಸಂಕೇತವಾಗಿಯೂ ಎರಡು ಸಂಕೇತಗಳ ಜೋಡಣೆಯಾಗಿಯೂ ದಾಖಲಿಸಬಹುದು. ಕಣ್ಣಿಗೆ ಎರಡೂ ಒಂದೇ. ಹ್ಯಾಷಿಗೆ ಎರಡೂ ಬೇರೆ. ಆದುದರಿಂದ ಕನ್ನಡ ಪಠ್ಯಗಳ ಸಂಗ್ರಹಕಾರರು ಸಂಕೇತಗಳನ್ನು ಮೊದಲು ಏಕರೂಪಕ್ಕೆ ತಂದು ಅನಂತರ ಗುರುತು ಹಚ್ಚಬೇಕು. ಅಲ್ಲದಿದ್ದರೆ ಶುದ್ಧ ಪ್ರತಿಯೂ ಅಶುದ್ಧವೆಂಬ ಆರೋಪಕ್ಕೆ ಗುರಿಯಾದೀತು. ಯಂತ್ರವು ಹೋಲಿಸುವುದು ಸಂಕೇತಗಳನ್ನು. ಪಾಠವನ್ನು ಹೋಲಿಸುವ ಹೊಣೆ ಸಂಪಾದಕನಲ್ಲಿಯೇ ಉಳಿಯುತ್ತದೆ.