ಕಾಣದ ನಾಟಕಕ್ಕೆ ನಿರ್ದೇಶಕರು ಏಕೆ?

ಪ್ರಶ್ನೆ: ರಂಗದ ಮೇಲೆ ನಟರನ್ನು ನಿಲ್ಲಿಸಲು, ಟಿ.ವಿ.ಯಲ್ಲಿ ಕ್ಯಾಮೆರಾ ಎಲ್ಲಿಡಬೇಕೆಂದು ಹೇಳಲು ನಿರ್ದೇಶಕರು ಬೇಕು. ರೇಡಿಯೊ ನಾಟಕದಲ್ಲಿ ಎಲ್ಲರೂ ಮೈಕಿನ ಮುಂದೆ ನಿಂತು ಓದುತ್ತಾರಲ್ಲವೇ? ಅಲ್ಲಿ ನಿರ್ದೇಶಕರಿಗೇನು ಕೆಲಸ? ಬರೆದವರೇ ನಿರ್ದೇಶಿಸುವುದೂ ಇತ್ತಂತೆ, ಅದೇಕೆ?

ಉತ್ತರ: ರೇಡಿಯೊ ನಾಟಕವನ್ನು ಇಷ್ಟಪಟ್ಟು ಕೇಳುವವರಿಗೂ ಈ ಸಂದೇಹ ಬರುವುದು ಸಹಜ. ನಿರ್ದೇಶನವೆಂದರೆ ಕಣ್ಣಿಗೆ ಕಾಣುವುದನ್ನು ಜೋಡಿಸುವುದು ಎಂದು ನಾವು ರೂಢಿಯಿಂದ ತಿಳಿದಿರುತ್ತೇವೆ. ರೇಡಿಯೊದಲ್ಲಿ ಜೋಡಿಸಬೇಕಾದದ್ದು ಮೂರು: ದೂರ, ಸದ್ದು ಮತ್ತು ಸಮಯ.

ಮೊದಲನೆಯದು ದೂರ. ಮೈಕಿಗೆ ಬಾಯಿ ಹತ್ತಿರ ತಂದು ಆಡಿದ ಮಾತು ಕೇಳುಗರಿಗೆ ಗುಟ್ಟಿನಂತೆ ಕೇಳುತ್ತದೆ. ನಾಲ್ಕು ಹೆಜ್ಜೆ ಹಿಂದೆ ನಿಂತು ಆಡಿದರೆ ಪಾತ್ರ ಅಂಗಳದಾಚೆ ಇದೆ ಎನಿಸುತ್ತದೆ. ಯಾರು ಎಷ್ಟು ದೂರ ನಿಲ್ಲಬೇಕೆಂದು ನಿರ್ದೇಶಕರೇ ಹೇಳಬೇಕು.

ಎರಡನೆಯದು ಸದ್ದು. ತೆಂಗಿನ ಚಿಪ್ಪುಗಳನ್ನು ಬಡಿದರೆ ಕುದುರೆಯ ಗೊರಸು, ತೆಳು ತಗಡನ್ನು ಅಲುಗಿಸಿದರೆ ಗುಡುಗು. ಈ ಸದ್ದು ಯಾವ ಮಾತಿನ ಹಿಂದೆ ಬರಬೇಕು, ಎಷ್ಟು ಹೊತ್ತು ಇರಬೇಕು ಎಂಬುದರ ಮೇಲೆ ಇಡೀ ದೃಶ್ಯ ನಿಂತಿರುತ್ತದೆ.

ಮೂರನೆಯದು ಸಮಯ. ಇದಕ್ಕೆ ಅಮೆರಿಕದ ರೇಡಿಯೊ ನಾಟಕಕಾರ ನಾರ್ಮನ್ ಕಾರ್ವಿನ್ (1910–2011) ಅವರ ಬದುಕೇ ಒಳ್ಳೆಯ ಉದಾಹರಣೆ. ಕಾಲೇಜು ಮೆಟ್ಟಿಲು ಹತ್ತದೆ, ಹದಿಹರೆಯದಲ್ಲೇ ಪತ್ರಿಕಾ ವರದಿಗಾರರಾದ ಅವರು 1938ರಲ್ಲಿ ಸಿಬಿಎಸ್ ರೇಡಿಯೊ ಸೇರಿದರು. 1941ರಲ್ಲಿ ವಾರಕ್ಕೊಂದರಂತೆ 26 ನಾಟಕಗಳನ್ನು ತಾವೇ ಬರೆದು ನಿರ್ದೇಶಿಸಿದರು. ಅದೇ ವರ್ಷ ಡಿಸೆಂಬರ್ 15ರಂದು, ಪರ್ಲ್ ಹಾರ್ಬರ್ ದಾಳಿಯಾದ ಎಂಟನೆಯ ದಿನ, ಅಮೆರಿಕದ ಹಕ್ಕುಗಳ ಮಸೂದೆಗೆ 150 ವರ್ಷ ತುಂಬಿದ ನೆನಪಿಗೆ ಅವರ ನಾಟಕವೊಂದು ದೇಶದ ನಾಲ್ಕೂ ರೇಡಿಯೊ ಜಾಲಗಳಲ್ಲಿ ನೇರ ಪ್ರಸಾರವಾಯಿತು. ನಟರು ಹಾಲಿವುಡ್‌ನಲ್ಲಿದ್ದರು, ಕೊನೆಯಲ್ಲಿ ಮಾತಾಡಿದ ಅಧ್ಯಕ್ಷ ರೂಸ್‌ವೆಲ್ಟ್ ವಾಷಿಂಗ್ಟನ್‌ನಲ್ಲಿದ್ದರು, ರಾಷ್ಟ್ರಗೀತೆ ನುಡಿಸಿದ ವಾದ್ಯವೃಂದ ನ್ಯೂಯಾರ್ಕಿನಲ್ಲಿತ್ತು. ಕೇಳಿದವರು ಸುಮಾರು ಆರು ಕೋಟಿ ಜನ ಎಂದು ಅಂದಾಜು. ಇಂಥ ನೇರ ಪ್ರಸಾರದಲ್ಲಿ ತಪ್ಪಿದ್ದನ್ನು ತಿದ್ದಲು ಅವಕಾಶವಿಲ್ಲ. ಗಡಿಯಾರದ ಮೇಲೆ ಕಣ್ಣಿಟ್ಟು, ಕೈಸನ್ನೆಯಿಂದ ಎಲ್ಲರನ್ನೂ ನಡೆಸುವವರು ಒಬ್ಬರು ಬೇಕೇ ಬೇಕು.

ಇಲ್ಲೊಂದು ಗೊಂದಲವನ್ನು ಬಿಡಿಸಿಕೊಳ್ಳೋಣ. ರಂಗನಾಟಕವನ್ನು ಮೈಕಿನ ಮುಂದೆ ಓದಿಬಿಟ್ಟರೆ ಅದು ಬಾನುಲಿ ನಾಟಕ ಆಗುವುದಿಲ್ಲ. ರಂಗದ ಮೇಲೆ ಸುಮ್ಮನೆ ಕುಳಿತ ಪಾತ್ರ ನಮ್ಮ ಕಣ್ಣೆದುರೇ ಇರುತ್ತದೆ. ರೇಡಿಯೊದಲ್ಲಿ ಸುಮ್ಮನಾದ ಪಾತ್ರ ಇಲ್ಲವೇ ಆಗಿಬಿಡುತ್ತದೆ. ಅದು ಇನ್ನೂ ಅಲ್ಲಿದೆ ಎಂದು ಉಸಿರಿನಿಂದಲೋ ಲೋಟದ ಸದ್ದಿನಿಂದಲೋ ತಿಳಿಸಬೇಕು. ಹಾಗಾಗಿ ರೇಡಿಯೊ ಬರಹದಲ್ಲಿ ಮಾತಿನಷ್ಟೇ ಸದ್ದೂ ಮೌನವೂ ಇರುತ್ತವೆ.

ಬರೆದವರೇ ಏಕೆ ನಿರ್ದೇಶಿಸುತ್ತಿದ್ದರು ಎಂಬುದಕ್ಕೂ ಉತ್ತರ ಇದೇ. ಮೌನವನ್ನು ಬರೆದವರಿಗೆ ಅದು ಎಷ್ಟು ಕ್ಷಣದ್ದು ಎಂಬುದೂ ಗೊತ್ತಿರುತ್ತದೆ. ಎಲ್ಲರೂ ಹೀಗೆ ಮಾಡುತ್ತಿರಲಿಲ್ಲ. ಬರಹ, ನಿರ್ದೇಶನ ಎರಡೂ ಬಲ್ಲವರಿಗೆ ಮಾತ್ರ ಇದು ಸಾಧ್ಯವಿತ್ತು.

ಹೀಗೆ ಒಬ್ಬರೇ ಬರೆದು ನಿರ್ದೇಶಿಸುವ ಸ್ವಾತಂತ್ರ್ಯ ಟಿ.ವಿ.ಯಲ್ಲಿ ಕಡಿಮೆ. ರೇಡಿಯೊ ಲೇಖಕರು ಒಂದು ಸಾಲಿನಲ್ಲಿ ಹಡಗಿನಿಂದ ಅರಮನೆಗೆ ಹೋಗಬಹುದು; ಟಿ.ವಿ.ಯಲ್ಲಿ ಎರಡನ್ನೂ ಕಟ್ಟಬೇಕು, ಬೆಳಕು ಹಾಕಬೇಕು, ಖರ್ಚು ಭರಿಸಬೇಕು. ಕೆಲಸ ಹಲವರ ನಡುವೆ ಹಂಚಿಹೋಗುತ್ತದೆ. ಕಾರ್ವಿನ್ ಮುಂದೆ ಚಲನಚಿತ್ರಕ್ಕೂ ಬರೆದರು. ಚಿತ್ರಕಲಾವಿದ ವ್ಯಾನ್ ಗೋ ಕುರಿತ 1956ರ ಚಲನಚಿತ್ರದ ಅವರ ಚಿತ್ರಕಥೆ ಆಸ್ಕರ್‌ಗೆ ನಾಮನಿರ್ದೇಶನಗೊಂಡಿತ್ತು. 1971ರಲ್ಲಿ ಅವರ ಹೆಸರಿನ ಟಿ.ವಿ. ನಾಟಕಮಾಲೆಯೂ ಬಂತು. ಆದರೂ ಅವರನ್ನು ಇಂದಿಗೂ ನೆನೆಯುವುದು ರೇಡಿಯೊಗಾಗಿಯೇ.

ಮುಂದಿನ ಸಲ ಆಕಾಶವಾಣಿಯಲ್ಲಿ ನಾಟಕ ಬಂದಾಗ ಕಣ್ಣು ಮುಚ್ಚಿ ಕೇಳಿ ನೋಡಿ. ಒಂದು ಬಾಗಿಲು ಮುಚ್ಚಿದ ಸದ್ದಿನ ನಂತರ ಮುಂದಿನ ಮಾತು ಬರುವವರೆಗೆ ಎಷ್ಟು ಹೊತ್ತಾಯಿತೆಂದು ಗಮನಿಸಿ. ತಾವು ಕೇಳಿದ ನಿರ್ದೇಶಕರ ಕೆಲಸ ಆ ಬಿಡುವಿನಲ್ಲಿದೆ.