ಲೋಡ್ ಆಗದ ಅಜ್ಜಿಯ ಮನೆ: ಸಿಮ್ಸ್ ಆಟ ನಿಂತುಹೋದಾಗ ಏನು ಮಾಡಬೇಕು?

ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗ. ನಾವು ನಾಲ್ಕು ಜನ, ನಾಲ್ಕು ಊರಿನವರು. ಕ್ಲಾಸಿನಲ್ಲಿ ಮಾತ್ರ ಒಂದೇ ಬೆಂಚಿನ ಸಾಲು. ಈ ಸಲ ರಜೆ ಮುಗಿಸಿ ಬಂದಾಗ ರಾಮದುರ್ಗದ ಗೆಳತಿಯ ಮುಖ ಸಪ್ಪಗಿತ್ತು. ಇಂಟರ್ನಲ್ಸ್ ಮಾರ್ಕ್ಸಿನ ಚಿಂತೆ ಇರಬೇಕು ಅಂದುಕೊಂಡೆವು. ಅಲ್ಲ. "ಅಜ್ಜಿ ಮನಿ ತೆರೀವಲ್ದು" ಅಂದಳು.

ಅವಳ ಅಜ್ಜಿಯ ಮನೆ ಈಗ ಇಲ್ಲ. 2019ರ ಆಗಸ್ಟ್‌ನಲ್ಲಿ ಮಲಪ್ರಭೆಗೆ ಮಹಾಪೂರ ಬಂದು ರಾಮದುರ್ಗ ತಾಲ್ಲೂಕಿನ ನದಿದಂಡೆಯ ಊರುಗಳಿಗೆ ನೀರು ನುಗ್ಗಿದಾಗ ಆ ಮಣ್ಣಿನ ಮನೆ ಕುಸಿದುಬಿತ್ತು. ಉಳಿದದ್ದು ಒಂದೆರಡು ಮದುವೆ ಫೋಟೊ ಮತ್ತು ಅಜ್ಜಿಯ ನೆನಪು. ಆ ನೆನಪನ್ನು ಕೇಳಿ ಕೇಳಿ, ಪಡಸಾಲಿ ಎಷ್ಟು ಉದ್ದ, ಅಡಗಿ ಮನಿ ಯಾವ ಕಡೆ, ದನದ ಕೊಟ್ಟಿಗಿ ಎಲ್ಲಿ ಅಂತ ಲೆಕ್ಕ ಹಾಕಿ, ಗೆಳತಿ ಇಡೀ ಮನೆಯನ್ನು 'ದಿ ಸಿಮ್ಸ್ 4' ಆಟದೊಳಗೆ ಕಟ್ಟಿದ್ದಳು. ಒಂದು ಸಂಜೆ ಸೇವ್ ಮಾಡುತ್ತಿರುವಾಗಲೇ ಕರೆಂಟ್ ಹೋಯಿತು. ಅವಳ ಲ್ಯಾಪ್‌ಟಾಪಿನ ಬ್ಯಾಟರಿ ಸತ್ತು ವರ್ಷವಾಗಿದೆ, ಚಾರ್ಜರ್ ಹಚ್ಚಿದರಷ್ಟೇ ನಡೆಯುತ್ತದೆ. ಮರುದಿನ ಆಟ ತೆರೆದರೆ ಹಸಿರು ಹರಳು ತಿರುಗಿದ್ದೇ ತಿರುಗಿದ್ದು, ಮನೆ ಬರಲೇ ಇಲ್ಲ.

ಆ ಮನೆಯನ್ನು ಹೇಗೆ ಹೊರತೆಗೆದೆವು, ನಡುವೆ ಏನೇನು ಕೆಡಿಸಿದೆವು ಎಂಬುದೇ ಈ ಪಾಠ. ಸಿಮ್ಸ್ ಆಡುವವರಿಗೆ ನೇರವಾಗಿ ಉಪಯೋಗವಾದೀತು. ಆಡದವರೂ ಓದಿ ನೋಡ್ರಿ, ನಾಳೆ ನಿಮ್ಮ ಪ್ರಾಜೆಕ್ಟ್ ಫೈಲ್ ಹಿಂಗ ಸಿಕ್ಕಿಹಾಕಿಕೊಂಡಾಗ ಇದೇ ದಾರಿ.

ಆಟದ ಬಗ್ಗೆ ಎರಡು ಮಾತು

ಸಿಮ್ಸ್ ಅಂದರೆ ಬದುಕಿನ ಆಟ. ಗೆಲುವು ಸೋಲು ಇಲ್ಲ. ಮನೆ ಕಟ್ಟಬೇಕು, ಜನರನ್ನು ಇರಿಸಬೇಕು, ಅವರ ಊಟ, ನಿದ್ದೆ, ನೌಕರಿ ನೋಡಿಕೊಳ್ಳಬೇಕು. ಮೊದಲ ಆಟ ಬಂದದ್ದು 2000ದಲ್ಲಿ, ನಾಲ್ಕನೆಯದು 2014ರಲ್ಲಿ. 2022ರ ಅಕ್ಟೋಬರ್‌ನಿಂದ ಮೂಲ ಆಟ ಉಚಿತ. ನಮ್ಮಂಥವರ ಲ್ಯಾಪ್‌ಟಾಪಿಗೆ ಅದು ಬಂದದ್ದೇ ಹಾಗೆ. ಇದನ್ನು ರೂಪಿಸಿದ ವಿಲ್ ರೈಟ್ ಅವರ ಸ್ವಂತ ಮನೆ 1991ರ ಓಕ್‌ಲ್ಯಾಂಡ್ ಬೆಂಕಿ ಅನಾಹುತದಲ್ಲಿ ಸುಟ್ಟುಹೋಗಿತ್ತು. ಮನೆ, ಸಾಮಾನು ಎಲ್ಲವನ್ನೂ ಮತ್ತೆ ಒಂದೊಂದಾಗಿ ಹೊಂದಿಸಿಕೊಂಡ ಆ ಅನುಭವ ಈ ಆಟದ ಹಿಂದಿದೆ. ರಾಮದುರ್ಗದ ಗೆಳತಿಗೆ ಇದನ್ನು ಹೇಳಿದಾಗ ಅವಳು ಅಂದದ್ದು: "ಅವರಿಗೆ ಬೆಂಕಿ, ನಮಗ ನೀರು."

ನಾವು ಮೊದಲು ಮಾಡಿದ ತಪ್ಪು

ಲ್ಯಾಪ್‌ಟಾಪ್ ಮುಂದೆ ನಾಲ್ಕು ಎಂಜಿನಿಯರ್ ಕೂತರೆ ಐದು ಸಲಹೆ. ಬೈಲಹೊಂಗಲದವನು ಗ್ರಾಫಿಕ್ಸ್ ಡ್ರೈವರ್ ಹೊಸದು ಹಾಕಿದ. ಕಿತ್ತೂರಿನವನು ಸೆಟ್ಟಿಂಗ್ ಎಲ್ಲ ಬದಲಿಸಿದ. ಸವದತ್ತಿಯವನು "ತೆಗದು ಮತ್ತ ಇನ್‌ಸ್ಟಾಲ್ ಮಾಡ್ರಿ, ಎಲ್ಲಾ ಸರಿ ಆಗತೈತಿ" ಅಂದ. ಹಾಗೇ ಮಾಡಿದೆವು. ಆಟದ ಗಾತ್ರ ಹತ್ತಾರು ಜಿಬಿ. ನಾಲ್ವರ ಮೊಬೈಲ್ ಡೇಟಾ ಮತ್ತು ಎರಡು ರಾತ್ರಿ ಡೌನ್‌ಲೋಡಿಗೇ ಹೋಯಿತು. ಮೂರನೇ ದಿನ ತೆರೆದರೆ ಅದೇ ಹರಳು, ಅದೇ ತಿರುಗಾಟ. ಮೊದಲು ತೆರೆಯುತ್ತಿದ್ದ ಬೇರೆ ಸೇವ್‌ಗಳೂ ಈಗ ತೆರೆಯಲಿಲ್ಲ.

ಹೊಲದಲ್ಲಿ ಪಂಪ್‌ಸೆಟ್ ಚಾಲೂ ಆಗದಿದ್ದರೆ ನಮ್ಮ ಅಪ್ಪಂದಿರು ಮೊದಲಿಗೇ ಬೋರಿನಿಂದ ಮೋಟರ್ ಎತ್ತಿಸುವುದಿಲ್ಲ. ಕರೆಂಟ್ ಬಂದಿದೆಯಾ, ಮೂರೂ ಫೇಸ್ ಇವೆಯಾ, ಫ್ಯೂಸ್ ಹೋಗಿದೆಯಾ, ಸ್ಟಾರ್ಟರ್ ಹಿಡಿಯುತ್ತಿದೆಯಾ ಅಂತ ನೋಡಿ, ಕೊನೆಗೆ ಮೋಟರಿಗೆ ಕೈ ಹಚ್ಚುತ್ತಾರೆ. ನಾವು ಮಾತ್ರ ಮೊದಲ ದಿನವೇ ಮೋಟರ್ ಎತ್ತಿಸಿದ್ದೆವು.

ನಿಂತದ್ದು ಯಾವುದು?

'ಆಟ ಹ್ಯಾಂಗ್ ಆಯ್ತು' ಅನ್ನುವುದು ದೂರು, ರೋಗದ ಹೆಸರಲ್ಲ. ಇದರಲ್ಲಿ ಮೂರು ಬಗೆ ಇದೆ.

ಒಂದು, ಇಡೀ ಪರದೆ ನಿಂತಿರುತ್ತದೆ, ಮೌಸ್‌ಗೂ ಉತ್ತರವಿಲ್ಲ. ಕೂಡಲೇ ಮುಚ್ಚಬೇಡಿ. ಕಂಟ್ರೋಲ್, ಶಿಫ್ಟ್, ಎಸ್ಕೇಪ್ ಮೂರೂ ಒತ್ತಿ ಟಾಸ್ಕ್ ಮ್ಯಾನೇಜರ್ ತೆಗೆಯಿರಿ. ಡಿಸ್ಕ್ 100 ಪ್ರತಿಶತದಲ್ಲಿದ್ದರೆ ಆಟ ಸತ್ತಿಲ್ಲ, ಡಿಸ್ಕಿಗಾಗಿ ಕಾಯುತ್ತಿದೆ. ಐದು ನಿಮಿಷ ಬಿಡಿ.

ಎರಡು, ಕ್ಯಾಮೆರಾ ತಿರುಗುತ್ತದೆ, ಆದರೆ ಜನ ಗೊಂಬೆಯಂತೆ ನಿಂತಿದ್ದಾರೆ, ಗಡಿಯಾರ ಮುಂದೆ ಹೋಗುತ್ತಿಲ್ಲ. ಅಂದರೆ ಚಿತ್ರ ಬಿಡಿಸುವ ಕೆಲಸ ನಡೆದಿದೆ, ಬದುಕಿನ ಲೆಕ್ಕ ಹಾಕುವ ಕೆಲಸ ಹಿಂದೆ ಬಿದ್ದಿದೆ. ನಮ್ಮ ಕಿತ್ತೂರಿನವನು ಕೋಟೆಯೊಳಗಿನ ಅರಮನೆಯನ್ನೇ ಕಟ್ಟುತ್ತೇನೆಂದು ಆಟದ ಅತಿ ದೊಡ್ಡ ಜಾಗ, 64 ಗುಣಿಸು 64 ಚೌಕದ್ದು, ಹಿಡಿದು ಕಂಬ, ದೀಪ, ಕುರ್ಚಿ ತುಂಬಿ, ಮೇಲೆ ಉತ್ಸವಕ್ಕೆಂದು ಜನರನ್ನೂ ಕರೆದ. ಯಾರೂ ಹೆಜ್ಜೆ ಎತ್ತಲಿಲ್ಲ. ಇಂಥಲ್ಲಿ ವಸ್ತು, ಜನ ಕಡಿಮೆ ಮಾಡಬೇಕು. ಒಬ್ಬನೇ ಸಿಕ್ಕಿಕೊಂಡಿದ್ದರೆ ಕಂಟ್ರೋಲ್, ಶಿಫ್ಟ್, ಸಿ ಒತ್ತಿ, ಬರುವ ಪೆಟ್ಟಿಗೆಯಲ್ಲಿ 'ರೀಸೆಟ್‌ಸಿಮ್' ಎಂದು ಬರೆದು ಮುಂದೆ ಅವನ ಹೆಸರು ಕೊಟ್ಟರೆ ಸಾಕು.

ಮೂರು, ಲೋಡಿಂಗ್ ಪರದೆ ಮುಗಿಯುವುದೇ ಇಲ್ಲ. ನಮ್ಮದು ಇದು.

ಹೆಜ್ಜೆ 1: ಮುಟ್ಟುವ ಮುಂಚೆ ಕಾಪಿ

ಆಟ ಎರಡು ಕಡೆ ಇರುತ್ತದೆ. ಇನ್‌ಸ್ಟಾಲ್ ಆಗುವ ಆಟ ಒಂದು ಕಡೆ. ನೀವು ಕಟ್ಟಿದ್ದೆಲ್ಲ ಇನ್ನೊಂದು ಕಡೆ: ಡಾಕ್ಯುಮೆಂಟ್ಸ್ ಒಳಗೆ ಎಲೆಕ್ಟ್ರಾನಿಕ್ ಆರ್ಟ್ಸ್, ಅದರೊಳಗೆ ದಿ ಸಿಮ್ಸ್ 4 ಎಂಬ ಫೋಲ್ಡರ್. ಅದರಲ್ಲಿ 'ಸೇವ್ಸ್', 'ಟ್ರೇ', 'ಮಾಡ್ಸ್' ಎಂಬ ಉಪಫೋಲ್ಡರ್‌ಗಳಿವೆ. ಆಟ ತೆಗೆದು ಮತ್ತೆ ಹಾಕಿದರೂ ಈ ಫೋಲ್ಡರ್ ಹಾಗೇ ಉಳಿಯುತ್ತದೆ. ನಮ್ಮ ಎರಡು ರಾತ್ರಿ ಯಾಕೆ ದಂಡವಾಯಿತು ಅಂತ ಈಗ ಗೊತ್ತಾಯಿತಲ್ಲ! ರೋಗ ಒಂದು ಮನೆಯಲ್ಲಿ, ಔಷಧ ಪಕ್ಕದ ಮನೆಗೆ.

ಮೊದಲ ಕೆಲಸ: ಆ ಫೋಲ್ಡರ್ ಪೂರ್ತಿ ಪೆನ್‌ಡ್ರೈವಿಗೆ ಕಾಪಿ. ಇದಾಗದೆ ಮುಂದೆ ಒಂದು ಕ್ಲಿಕ್ಕೂ ಬೇಡ.

ಹೆಜ್ಜೆ 2: ಹೆಸರು ಬದಲಿಸಿ ನೋಡಿ

ಆ ಫೋಲ್ಡರಿನ ಹೆಸರಿನ ಕೊನೆಗೆ 'ಹಳೇದು' ಅಂತ ಸೇರಿಸಿ ಆಟ ತೆರೆಯಿರಿ. ಹಳೆಯದು ಕಾಣದಿದ್ದಾಗ ಆಟ ತಾನೇ ಹೊಸ ಖಾಲಿ ಫೋಲ್ಡರ್ ಮಾಡಿಕೊಳ್ಳುತ್ತದೆ. ಅದರಲ್ಲಿ ಹೊಸ ಆಟ ಶುರುಮಾಡಿ.

ಹೊಸ ಆಟವೂ ಲೋಡ್ ಆಗದಿದ್ದರೆ ದೋಷ ಆಟದ ಫೈಲುಗಳಲ್ಲಿ ಅಥವಾ ಯಂತ್ರದಲ್ಲಿದೆ. ಆಗ ಇಎ ಆ್ಯಪ್‌ನಲ್ಲಿ 'ರಿಪೇರ್', ಸ್ಟೀಮ್‌ನಲ್ಲಿ 'ವೆರಿಫೈ' ಆಯ್ಕೆ ಬಳಸಿ. ಕೆಟ್ಟ ಅಥವಾ ಇಲ್ಲದ ಫೈಲುಗಳನ್ನಷ್ಟೇ ತರುತ್ತದೆ, ಡೇಟಾ ಉಳಿಯುತ್ತದೆ. ಹೊಸ ಆಟ ಲೋಡ್ ಆದರೆ ದೋಷ ನಿಮ್ಮ ಹಳೆ ಫೋಲ್ಡರಿನಲ್ಲಿದೆ. ಒಂದೇ ಪರೀಕ್ಷೆ, ಅರ್ಧ ಅನುಮಾನ ಹೊರಗೆ.

ನಮ್ಮಲ್ಲಿ ಹೊಸ ಆಟ ಚಕ್ಕನೆ ತೆರೆಯಿತು. ಯಂತ್ರ ಸರಿ, ಆಟವೂ ಸರಿ.

ಹೆಜ್ಜೆ 3: ಸೇವ್ ಮಾತ್ರ ತನ್ನಿ

ಹಳೆ ಫೋಲ್ಡರಿನಿಂದ 'ಸೇವ್ಸ್' ಒಂದನ್ನೇ ಹೊಸದಕ್ಕೆ ಕಾಪಿ ಮಾಡಿದೆವು. ಬೇರೆ ಸೇವ್‌ಗಳು ತೆರೆದವು. ಅಜ್ಜಿಯ ಮನೆ ತೆರೆಯಲಿಲ್ಲ. ಆಗ ಹೊಳೆಯಿತು: ದೋಷ ಒಂದಲ್ಲ, ಎರಡು. ಬೇರೆ ಸೇವ್‌ಗಳನ್ನು ತಡೆದದ್ದು ಹಳೆ ಫೋಲ್ಡರಿನಲ್ಲೇ ಉಳಿದ ಇನ್ನೇನೋ. ಅಜ್ಜಿಯ ಮನೆಯ ಫೈಲು ಮಾತ್ರ ತಾನೇ ಕೆಟ್ಟಿದೆ, ಏಕೆಂದರೆ ಅದು ಬರೆಯುವ ನಡುವೆಯೇ ಕರೆಂಟ್ ಹೋಗಿತ್ತು.

ಆಟ ಪ್ರತಿ ಸೇವ್‌ನ ಹಿಂದಿನ ಐದು ಪ್ರತಿಗಳನ್ನು ಇಟ್ಟುಕೊಂಡಿರುತ್ತದೆ. ಫೋಲ್ಡರಿನಲ್ಲಿ 'ವರ್0'ರಿಂದ 'ವರ್4'ರವರೆಗಿನ ಬಾಲ ಇರುವ ಫೈಲುಗಳೇ ಅವು. 0 ಇತ್ತೀಚಿನದು, 4 ಹಳೆಯದು. ಕೈಯಿಂದ ಹೆಸರು ಬದಲಿಸಬೇಕಿಲ್ಲ. ಆಟದ 'ಲೋಡ್ ಗೇಮ್' ಪರದೆಯಲ್ಲಿ ಆ ಸೇವ್ ಆರಿಸಿ 'ರಿಕವರ್ ಸೇವ್' ಒತ್ತಿದರೆ ಪಟ್ಟಿ ಬರುತ್ತದೆ. ಹೊಸದರಿಂದ ಹಳೆಯದರ ಕಡೆಗೆ ಒಂದೊಂದೇ ನೋಡಿ, ತೆರೆದದ್ದನ್ನು ಬೇರೆ ಹೆಸರಿನಲ್ಲಿ ಸೇವ್ ಮಾಡಿ.

ನಮ್ಮಲ್ಲಿ ಮೊದಲ ಹಳೆ ಪ್ರತಿಯೇ ತೆರೆಯಿತು. ಪಡಸಾಲಿ ಕಂಡಿತು, ಕೊಟ್ಟಿಗಿ ಕಂಡಿತು. ಕೊನೆಯ ಸಂಜೆ ಕಟ್ಟಿದ ತುಳಸಿ ಕಟ್ಟಿ ಮತ್ತು ಹಿತ್ತಲ ಗೋಡೆ ಮಾತ್ರ ಇರಲಿಲ್ಲ. ಗೆಳತಿ ಏನೂ ಮಾತಾಡಲಿಲ್ಲ, ಸುಮ್ಮನೆ ಕ್ಯಾಮೆರಾ ತಿರುಗಿಸುತ್ತ ಒಂದೊಂದು ಕೋಣೆಯನ್ನೂ ನೋಡಿದಳು.

ಹೆಜ್ಜೆ 4: ಅರ್ಧ ಅರ್ಧ ಮಾಡಿ ಹಿಡಿಯಿರಿ

ಉಳಿದದ್ದು ಎರಡನೇ ದೋಷ. ಹಳೆ ಫೋಲ್ಡರಿನಲ್ಲಿ 64 ಮಾಡ್‌ಗಳಿದ್ದವು. (ಇದು 'ಮಾಡು' ಕ್ರಿಯಾಪದವಲ್ಲ, ಆಟಗಾರರು ಬರೆದು ಹಂಚುವ ಹೆಚ್ಚುವರಿ ಫೈಲುಗಳಿಗೆ ಹೀಗೆ ಹೆಸರು.) ಕೆಲವು ಬರೀ ಬಟ್ಟೆ, ಬಾಗಿಲು, ಕುರ್ಚಿ. ಕೆಲವು ಸ್ಕ್ರಿಪ್ಟ್, ಅಂದರೆ ಪೈಥಾನ್ ಕೋಡ್. ಆಟದ ನಡವಳಿಕೆಯನ್ನೇ ಬದಲಿಸುತ್ತವೆ. ಆಟದ ಆವೃತ್ತಿ ಬದಲಾದರೆ ಹಳೆ ಸ್ಕ್ರಿಪ್ಟ್ ಕರೆಯುವ ಫಂಕ್ಷನ್ ಬೇರೆ ಆಗಿರಬಹುದು. ಅದಕ್ಕೇ ಪ್ರತಿ ಅಪ್‌ಡೇಟ್ ನಂತರ ಆಟ ಮಾಡ್‌ಗಳನ್ನು ತಾನೇ ಆಫ್ ಮಾಡುತ್ತದೆ.

ನಮ್ಮ ಕಥೆ ನೋಡ್ರಿ: ಮತ್ತೆ ಇನ್‌ಸ್ಟಾಲ್ ಮಾಡಿದಾಗ ಆಟದ ಹೊಸ ಆವೃತ್ತಿ ಬಂತು, ಮಾಡ್‌ಗಳು ಆಫ್ ಆದವು, ನಾವು ಶಾಣ್ಯಾರು ಹೋಗಿ ಎಲ್ಲವನ್ನೂ ಆನ್ ಮಾಡಿದೆವು. ಎರಡನೇ ದೋಷ ಕರೆಂಟಿನದಲ್ಲ, ನಮ್ಮದೇ.

ಒಂದೊಂದೇ ಮಾಡ್ ತೆಗೆದು ನೋಡಿದರೆ 64 ಸಲ ಆಟ ತೆರೆಯಬೇಕಾಗಬಹುದು. ಒಂದು ಸಲಕ್ಕೆ ಐದು ನಿಮಿಷ ಅಂದರೆ ಐದು ತಾಸು ದಾಟುತ್ತದೆ. ಡೇಟಾ ಸ್ಟ್ರಕ್ಚರ್ಸ್‌ನಲ್ಲಿ ಓದಿದ ಬೈನರಿ ಸರ್ಚ್ ನೆನಪಿಸಿಕೊಳ್ಳಿ. 32 ಹೊರಗೆ, 32 ಒಳಗೆ. ಆಟ ತೆರೆದರೆ ಕಳ್ಳ ಹೊರಗಿನ ಗುಂಪಿನಲ್ಲಿ, ತೆರೆಯದಿದ್ದರೆ ಒಳಗಿನದರಲ್ಲಿ. ಆಮೇಲೆ 16, 8, 4, 2, 1. ಆರೇ ಪರೀಕ್ಷೆ, ಅರ್ಧ ತಾಸು. ಆರನೆಯದಕ್ಕೆ ಒಂದು ಹಳೆ ಸ್ಕ್ರಿಪ್ಟ್ ಸಿಕ್ಕಿತು. ಅದನ್ನು ತೆಗೆದೆವು, ಉಳಿದ 63 ಮಾಡ್‌ಗಳೊಂದಿಗೆ ಆಟ ತೆರೆಯಿತು.

ಎರಡು ಎಚ್ಚರಿಕೆ. ಕೆಲವು ಮಾಡ್‌ಗಳು ಜೋಡಿ ಫೈಲಾಗಿ ಬರುತ್ತವೆ, ಅವನ್ನು ಅಗಲಿಸಬೇಡಿ. ಎರಡೂ ಅರ್ಧ ಬೇರೆಬೇರೆಯಾಗಿ ತೆರೆಯದಿದ್ದರೆ ಕಳ್ಳರು ಇಬ್ಬರಿರಬಹುದು, ಎರಡೂ ಕಡೆ ಹುಡುಕಿ. ಇದರ ಜೊತೆಗೆ 'ಲೋಕಲ್‌ಥಂಬ್‌ಕ್ಯಾಶ್' ಎಂಬ ಫೈಲನ್ನು ಅಳಿಸಿಬಿಡಿ. ಅದು ಬರೀ ಕ್ಯಾಶ್, ಆಟ ಮತ್ತೆ ಮಾಡಿಕೊಳ್ಳುತ್ತದೆ. 'ಲಾಸ್ಟ್‌ಎಕ್ಸೆಪ್ಶನ್' ಎಂಬ ಫೈಲ್ ಕಂಡರೆ ನೋಟ್‌ಪ್ಯಾಡಿನಲ್ಲಿ ತೆರೆದು ಓದಿ. ಕೆಲವೊಮ್ಮೆ ತಪ್ಪಿತಸ್ಥ ಮಾಡ್‌ನ ಹೆಸರು ಅಲ್ಲೇ ಇರುತ್ತದೆ.

ಬರೀ ನಿಧಾನವಾದರೆ

ನಮ್ಮ ಹಳೆ ಲ್ಯಾಪ್‌ಟಾಪ್‌ಗಳಲ್ಲಿ ಹೆಚ್ಚಾಗಿ 5400 ಆರ್‌ಪಿಎಂ ಹಾರ್ಡ್‌ಡಿಸ್ಕ್. ಒಂದು ಸುತ್ತಿಗೆ 11.1 ಮಿಲಿಸೆಕೆಂಡ್, ಬೇಕಾದ ಜಾಗ ಬರಲು ಸರಾಸರಿ ಅರ್ಧ ಸುತ್ತು, ಅಂದರೆ 5.6 ಮಿಲಿಸೆಕೆಂಡ್, ಅದರ ಮೇಲೆ ಹೆಡ್ ಸರಿಯುವ ಸಮಯ. ಹೀಗಾಗಿ ಚದುರಿದ ಫೈಲುಗಳನ್ನು ಅದು ಸೆಕೆಂಡಿಗೆ ನೂರು ಸಲವೂ ಓದಲಾರದು. ಎಸ್‌ಎಸ್‌ಡಿಗೆ ತಿರುಗುವ ಭಾಗವೇ ಇಲ್ಲ, ಸೆಕೆಂಡಿಗೆ ಸಾವಿರಾರು ಸಲ ಓದುತ್ತದೆ. ದುಡ್ಡು ಖರ್ಚು ಮಾಡುವುದಿದ್ದರೆ ಮೊದಲು ಅದಕ್ಕೇ ಮಾಡಿ. ರ‍್ಯಾಮ್ 4 ಜಿಬಿ ಇದ್ದರೆ ಬ್ರೌಸರ್ ಮುಚ್ಚಿ ಆಡಿ, ಗ್ರಾಫಿಕ್ಸ್ ಸೆಟ್ಟಿಂಗ್‌ನಲ್ಲಿ 'ಲ್ಯಾಪ್‌ಟಾಪ್ ಮೋಡ್' ಹಾಕಿ. ಬೇಸಿಗೆಯಲ್ಲಿ ಕೌದಿ ಮೇಲೆ ಲ್ಯಾಪ್‌ಟಾಪ್ ಇಟ್ಟು ಆಡಬ್ಯಾಡ್ರಿ. ಗಾಳಿ ಆಡದೆ ಬಿಸಿಯಾದರೆ ಪ್ರೊಸೆಸರ್ ತಾನೇ ವೇಗ ಇಳಿಸುತ್ತದೆ.

ಮತ್ತೆ ಹೀಗಾಗದಂತೆ

ಒಂದೇ ಸೇವ್ ಮೇಲೆ ಮೇಲೆ ಬರೆಯುವ ಬದಲು ವಾರಕ್ಕೊಮ್ಮೆ 'ಸೇವ್ ಆ್ಯಸ್' ಮಾಡಿ. ಕಟ್ಟಿದ ಮನೆಯನ್ನು ಆಟದ 'ಮೈ ಲೈಬ್ರರಿ'ಗೂ ಹಾಕಿ. ಅದು 'ಟ್ರೇ' ಫೋಲ್ಡರಿನಲ್ಲಿ ಬೇರೆಯಾಗಿ ಕೂರುತ್ತದೆ, ಸೇವ್ ಸತ್ತರೂ ಮನೆ ಉಳಿಯುತ್ತದೆ. ಡಿಸ್ಕಿನಲ್ಲಿ ಜಾಗ ಇರಲಿ. ಸೇವ್ ಆಗುವಾಗ ಕ್ಲೌಡ್ ಸಿಂಕ್ ನಿಲ್ಲಿಸಿ. ಕರೆಂಟ್ ಹೋಗುವ ಹೊತ್ತು ನಮ್ಮ ಊರಿನವರಿಗೆ ಗೊತ್ತೇ ಇರುತ್ತದೆ, ಅದಕ್ಕೂ ಮುಂಚೆ ಸೇವ್ ಮಾಡಿ ಎದ್ದುಬಿಡಿ.

ಇಷ್ಟರಲ್ಲಿ ನೆನಪಿಡಬೇಕಾದದ್ದು ಮೂರು: ಮೊದಲು ಕಾಪಿ, ಒಂದು ಸಲಕ್ಕೆ ಒಂದೇ ಬದಲಾವಣೆ, ಪ್ರತಿ ಪರೀಕ್ಷೆ ಅನುಮಾನವನ್ನು ಅರ್ಧ ಮಾಡಬೇಕು. ಅವಸರದ ರಿಪೇರಿ ಇರುವ ದೋಷ ತೆಗೆಯುವುದಿಲ್ಲ, ಇನ್ನೊಂದು ದೋಷ ಸೇರಿಸುತ್ತದೆ.

ಕಳೆದ ವಾರ ಗೆಳತಿ ಊರಿಗೆ ಹೋಗಿ ಅಜ್ಜಿಗೆ ಮನೆ ತೋರಿಸಿದಳು. ಅಜ್ಜಿ ಕನ್ನಡಕ ಹಾಕಿಕೊಂಡು ಬಹಳ ಹೊತ್ತು ನೋಡಿದರಂತೆ. ಆಮೇಲೆ, "ಚಲೋ ಆಗೇತಿ ಯವ್ವಾ. ಆದ್ರ ಹಿತ್ತಲ ಬಾಗಲಾ ಈ ಕಡೆ ಇರಲಿಲ್ಲ, ಬಾವಿ ಕಡೆ ಇತ್ತು. ಅದನ್ನಷ್ಟು ಸರಿ ಮಾಡು."

ಹಿತ್ತಲ ಗೋಡೆಯನ್ನು ಹೆಂಗೂ ಮತ್ತೆ ಕಟ್ಟಬೇಕಿತ್ತು. ಈಗ ಬಾಗಿಲು ಬಾವಿ ಕಡೆ ಇದೆ. ಪೆನ್‌ಡ್ರೈವಿನಲ್ಲಿ ಒಂದು ಪ್ರತಿ, ನಮ್ಮ ಮೂವರ ಲ್ಯಾಪ್‌ಟಾಪಿನಲ್ಲಿ ಒಂದೊಂದು ಪ್ರತಿಯೂ ಇದೆ.